ಮಳೆ ಬಂದಾಗ ಮಾತ್ರ ನಿಲ್ಲುತ್ತಿದ್ದ ಕಾರು

ಜುಲೈ ಕೊನೆಯ ವಾರ. ಹೆಬ್ರಿಯಲ್ಲಿ ನೆಂಟರ ಮನೆಯ ಕಾರ್ಯಕ್ರಮ ಮುಗಿಸಿಕೊಂಡು ವಾಪಸ್ ಬರುತ್ತಿದ್ದೆವು. ಪಕ್ಕದ ಸೀಟಿನಲ್ಲಿ ಅಮ್ಮ, ಹಿಂದೆ ಪಿಯುಸಿ ಓದುವ ಮಗ. ಸೋಮೇಶ್ವರ ದಾಟಿ ಆಗುಂಬೆ ಘಾಟಿ ಹತ್ತುವಾಗ ಸಂಜೆ ಐದೂವರೆಗೇ ಕತ್ತಲು ಕವಿದಿತ್ತು. ಘಾಟಿಯ 14 ತಿರುವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಹತ್ತಿದ್ದೆವು. ಮಳೆಯ ಜೊತೆ ಮಂಜು. ವೈಪರ್ ಓಡುತ್ತಿತ್ತು, ಗಾಜಿನ ಹಬೆ ಬಿಡಿಸಲು ಬ್ಲೋವರ್ ಹಾಕಿದ್ದೆ, ಫಾಗ್ ಲ್ಯಾಂಪ್ ಎರಡೂ ಉರಿಯುತ್ತಿದ್ದವು. ಒಮ್ಮೆಲೇ ವೈಪರ್ ಗಾಜಿನ ನಡುವೆ ನಿಂತಿತು. ಬ್ಲೋವರ್ ನಿಂತಿತು. ಎಂಜಿನ್ನೂ ನಿಂತಿತು.

"ಎಂತ ಆಯ್ತೋ?" ಅಂದರು ಅಮ್ಮ. ನನ್ನ ಬಾಯಲ್ಲಿ ಮಾತು ಹೊರಡಲಿಲ್ಲ. ಹ್ಯಾಂಡ್‌ಬ್ರೇಕ್ ಎಳೆದು, ಒಂದನೇ ಗೇರಿಗೆ ಹಾಕಿದೆ. ಮಗ ಇಳಿದು ಹಿಂದಿನ ಚಕ್ರಕ್ಕೆ ಕಲ್ಲು ಕೊಟ್ಟ. ಕೆಳಗಿನಿಂದ ಬಸ್ಸೊಂದು ಹಾರ್ನ್ ಹೊಡೆಯುತ್ತಾ ಬರುತ್ತಿತ್ತು. ಹತ್ತು ನಿಮಿಷ ಬಿಟ್ಟು ಕೀಲಿ ತಿರುಗಿಸಿದರೆ, ಏನೂ ಆಗಿಯೇ ಇಲ್ಲ ಎನ್ನುವಂತೆ ಗಾಡಿ ಸ್ಟಾರ್ಟ್ ಆಯಿತು. ಮೇಗರವಳ್ಳಿ ಹತ್ತಿರದ ನಮ್ಮ ಮನೆ ಮುಟ್ಟುವವರೆಗೂ ಮತ್ತೆ ನಿಲ್ಲಲಿಲ್ಲ.

ಆ ಹೊತ್ತಿನಲ್ಲಿ ನಾನು ಗಮನಿಸಿಯೂ ಅರ್ಥ ಮಾಡಿಕೊಳ್ಳದ ಒಂದು ಸಂಗತಿ ಇತ್ತು. ಎಲ್ಲ ನಿಂತರೂ ಹೆಡ್‌ಲೈಟ್ ಮಾತ್ರ ಸ್ವಲ್ಪವೂ ಮಂಕಾಗದೆ ಉರಿಯುತ್ತಲೇ ಇತ್ತು. ಪತ್ತೆಯ ಅರ್ಧ ದಾರಿ ಅಲ್ಲೇ ಇತ್ತು. ಅದು ಹೊಳೆಯಲು ಒಂದೂವರೆ ತಿಂಗಳು ಹಿಡಿಯಿತು.

ಕಾರು ಹದಿನೆಂಟು ವರ್ಷದ ಹಳೆಯದು, ಪೆಟ್ರೋಲ್, ಎಂಪಿಎಫ್‌ಐ, ಅಂದರೆ ಕಂಪ್ಯೂಟರ್ ಅಳೆದು ಪೆಟ್ರೋಲ್ ಚಿಮ್ಮಿಸುವ ಎಂಜಿನ್. ಮಲೆನಾಡಿನಲ್ಲಿ ಗಾಡಿ ಮಳೆಯಲ್ಲಿ ನಿಂತಿತು ಅಂದರೆ ಯಾರ ಬಾಯಲ್ಲೂ ಬರುವುದು ಒಂದೇ ಮಾತು: "ನೀರು ಹೋಗಿದೆ ಮಾರಾಯ್ರೆ." ನಾನೂ ಹಾಗೇ ನಂಬಿದೆ. ಪ್ಲಗ್ ಕೇಬಲ್ ಬದಲಾಯಿತು, ಕಾಯಿಲ್ ಒರೆಸಿ ಒಣಗಿಸಿದ್ದಾಯಿತು. ಒಂದು ಗ್ಯಾರೇಜಿನಲ್ಲಿ ಬ್ಯಾಟರಿ ಮೇಲೆ ಅನುಮಾನ ಪಟ್ಟರು, ಅದನ್ನೂ ಹೊಸದು ಹಾಕಿಸಿದೆ. ಮಳೆ ಬಿಟ್ಟ ದಿನ ಗಾಡಿ ಕೊಂಡೊಯ್ದರೆ ತೊಂದರೆ ಕಾಣುವುದೇ ಇಲ್ಲ. ಅವರಾದರೂ ಏನು ಮಾಡಿಯಾರು? ಆಗಸ್ಟಿನಲ್ಲಿ ಗುಡ್ಡೇಕೇರಿ ಹತ್ತಿರ ಮತ್ತೊಮ್ಮೆ ನಿಂತಿತು. ಅವತ್ತೂ ಮಳೆ, ಅವತ್ತೂ ಹತ್ತು ನಿಮಿಷದಲ್ಲಿ ತಾನಾಗಿ ಸರಿಯಾಯಿತು.

ಸೆಪ್ಟೆಂಬರಿನಲ್ಲಿ ಒಂದು ಬೆಳಿಗ್ಗೆ ಮನೆ ಅಂಗಳದಲ್ಲೇ ಕೈಕೊಟ್ಟಿತು. ಬಿಸಿಲಿತ್ತು, ಗಾಡಿ ಒಣಗಿತ್ತು. ಕೀಲಿ ಪೂರ್ತಿ ತಿರುಗಿಸಿ ಹಿಡಿದಿರುವವರೆಗೆ ಎಂಜಿನ್ ಹೊತ್ತಿಕೊಳ್ಳುತ್ತಿತ್ತು. ಕೈ ಬಿಟ್ಟ ಕೂಡಲೇ ಆರಿಹೋಗುತ್ತಿತ್ತು. ನಾಲ್ಕೈದು ಸಲ ಹಾಗೇ ಮಾಡಿದ ಮೇಲೆ ಸ್ಟೀರಿಂಗ್ ಕೆಳಗಿನಿಂದ ಬಿಸಿ ಪ್ಲಾಸ್ಟಿಕ್ಕಿನ ಸಣ್ಣ ವಾಸನೆ ಬಂತು. ತೋಟದ ಪಂಪ್‌ಸೆಟ್ಟಿನ ಸ್ಟಾರ್ಟರ್ ಪೆಟ್ಟಿಗೆ ತೆಗೆದವರಿಗೆಲ್ಲ ಗೊತ್ತಿರುವ ವಾಸನೆ ಅದು. ಕಾಂಟ್ಯಾಕ್ಟ್, ಅಂದರೆ ಸ್ವಿಚ್ಚಿನೊಳಗೆ ಕರೆಂಟ್ ದಾಟಿಸಲು ಒಂದಕ್ಕೊಂದು ತಾಗುವ ಲೋಹ, ಸುಡುವ ವಾಸನೆ.

ಕೀಲಿ ತಿರುಗಿಸುವಾಗ ಒಳಗೆ ಎರಡು ಬೇರೆ ಬೇರೆ ವಸ್ತುಗಳು ಕೆಲಸ ಮಾಡುತ್ತವೆ. ಮುಂದೆ ಇರುವುದು ಬೀಗ, ಅದಕ್ಕೂ ಕರೆಂಟಿಗೂ ಸಂಬಂಧ ಇಲ್ಲ. ಬೀಗದ ಹಿಂಬದಿಯಲ್ಲಿ ಒಂದು ಚಪ್ಪಟೆ ನಾಲಗೆ ಇರುತ್ತದೆ. ಅದು ಹೋಗಿ ಕೂರುವುದು ಪ್ಲಾಸ್ಟಿಕ್ಕಿನ ಒಂದು ಸಣ್ಣ ಸ್ವಿಚ್ಚಿನೊಳಗೆ. ಇಗ್ನಿಷನ್ ಸ್ವಿಚ್ ಎಂದರೆ ಅದು. ನನ್ನ ಗಾಡಿಯದಕ್ಕೆ ನಾಲ್ಕು ವೈರು. ಒಂದರಲ್ಲಿ ಬ್ಯಾಟರಿಯ ಕರೆಂಟ್ ಯಾವಾಗಲೂ ಇರುತ್ತದೆ. ಎರಡನೆಯದು ಎಸಿಸಿ, ಸ್ಟೀರಿಯೋದಂಥವಕ್ಕೆ. ಮೂರನೆಯದು ಐಜಿ: ಎಂಜಿನ್, ಪೆಟ್ರೋಲ್ ಪಂಪ್, ವೈಪರ್, ಬ್ಲೋವರ್ ಎಲ್ಲ ನಡೆಯುವುದು ಇದರಿಂದ. ನಾಲ್ಕನೆಯದು ಸ್ಟಾರ್ಟರಿಗೆ, ಕೀಲಿ ಪೂರ್ತಿ ತಿರುಗಿಸಿದಾಗ ಮಾತ್ರ. ಐಜಿಗೆ ಆನ್‌ನಲ್ಲೂ ಸ್ಟಾರ್ಟ್‌ನಲ್ಲೂ ಕರೆಂಟ್ ಬರಬೇಕು. ನನ್ನದರಲ್ಲಿ ಸ್ಟಾರ್ಟ್‌ನಲ್ಲಿ ಬಂದು ಆನ್‌ನಲ್ಲಿ ಬರುತ್ತಿರಲಿಲ್ಲ. ನಮ್ಮ ಗಾಡಿಯಲ್ಲಿ ಹೆಡ್‌ಲೈಟ್ ಈ ಸ್ವಿಚ್ಚಿನ ಮೂಲಕ ಹೋಗುವುದೇ ಇಲ್ಲ, ಕೀಲಿ ತೆಗೆದರೂ ಉರಿಯುತ್ತದೆ. ಘಾಟಿಯಲ್ಲಿ ಅದು ಆರದೆ ಉಳಿದಿದ್ದು ಏಕೆ ಎಂದು ಅಂಗಳದಲ್ಲಿ ನಿಂತಾಗ ಗೊತ್ತಾಯಿತು. ಬ್ಯಾಟರಿ ಸರಿ ಇತ್ತು, ಕೀಲಿಯಿಂದ ಮುಂದಕ್ಕೆ ಕರೆಂಟ್ ಸತ್ತಿತ್ತು.

ಆದರೂ ಊಹೆ ಮೇಲೆ ಇನ್ನೊಂದು ಸಾಮಾನು ಕೊಳ್ಳಬಾರದು ಎಂದು ಗಟ್ಟಿ ಮಾಡಿಕೊಂಡೆ. ಮಲ್ಟಿಮೀಟರಿನಲ್ಲಿ ಬ್ಯಾಟರಿ ಅಳೆದೆ: 12.5 ವೋಲ್ಟ್. ಮಗ ಸ್ಟಾರ್ಟ್ ಹೊಡೆದಾಗ 10.4ಕ್ಕೆ ಇಳಿಯಿತು. ಆಗ 9.6ಕ್ಕಿಂತ ಕೆಳಗೆ ಹೋಗದಿದ್ದರೆ ಬ್ಯಾಟರಿ ಮೇಲೆ ದೂರು ಹೊರಿಸುವಂತಿಲ್ಲ. ಫ್ಯೂಸ್‌ಗಳು ಸರಿ ಇದ್ದವು. ಎಂಪಿಎಫ್‌ಐ ಗಾಡಿಯಲ್ಲಿ ಕೀಲಿಯನ್ನು ಆನ್‌ಗೆ ತಂದಾಗ ಹಿಂದಿನ ಸೀಟಿನ ಕಡೆಯಿಂದ ಪೆಟ್ರೋಲ್ ಪಂಪ್ ಒಂದೆರಡು ಸೆಕೆಂಡ್ 'ಗುಂಯ್' ಅನ್ನುತ್ತದೆ. ಅದೂ ಇರಲಿಲ್ಲ.

ಇಲ್ಲಿ ಒಂದು ತಪ್ಪು ಮಾಡಿದೆ. ಸ್ವಿಚ್ಚಿನ ಕಪ್ಲರ್ (ವೈರುಗಳನ್ನು ಜೋಡಿಸುವ ಪ್ಲಾಸ್ಟಿಕ್ ಪ್ಲಗ್) ಬಿಚ್ಚಿ, ಮೀಟರನ್ನು ಕರೆಂಟಿಗೆ ದಾರಿ ಇದ್ದರೆ ಸದ್ದು ಮಾಡುವ ಬೀಪ್ ಗುರುತಿಗೆ ಇಟ್ಟು, ಬ್ಯಾಟರಿ ಪಿನ್ನಿಗೂ ಐಜಿ ಪಿನ್ನಿಗೂ ತಾಗಿಸಿದೆ. ಕೀಲಿ ಆನ್ ಮಾಡಿದೆ. ಬೀಪ್ ಬಂತು! ಸ್ವಿಚ್ ಸರಿ ಇದೆ ಎಂದುಕೊಂಡು ಅರ್ಧ ದಿನ ಪೆಟ್ರೋಲ್ ಪಂಪಿನ ರಿಲೇ (ಸಣ್ಣ ಕರೆಂಟಿನಿಂದ ದೊಡ್ಡ ಕರೆಂಟನ್ನು ಆನ್ ಮಾಡುವ ಸ್ವಿಚ್), ವೈರಿಂಗ್ ಎಂದು ತಡಕಾಡಿದೆ.

ಬೀಪ್ ನಂಬಬಾರದು ಏಕೆ ಅಂದರೆ, ಮೀಟರ್ ಹರಿಸುವ ಕರೆಂಟ್ ತೀರಾ ಅತ್ಯಲ್ಪ. ಕಾಂಟ್ಯಾಕ್ಟಿನ ಮೂಲೆಯಲ್ಲಿ ಕೂದಲೆಳೆಯಷ್ಟು ಜಾಗ ತಾಗುತ್ತಿದ್ದರೂ ಅದಕ್ಕೆ ಸಾಕು. ಕರೆಂಟಿಗೆ ಎಷ್ಟು ಅಡ್ಡಿ ಇದೆ ಎಂದು ಓಮ್‌ನಲ್ಲಿ ಅಳೆಯೋಣ ಅಂದರೆ ಮೀಟರಿನ ಎರಡು ವೈರುಗಳನ್ನು ಒಂದಕ್ಕೊಂದು ತಾಗಿಸಿದರೇ 0.3 ಓಮ್ ತೋರಿಸುತ್ತದೆ. ಹತ್ತು ಹದಿಮೂರು ಆಂಪಿಯರ್ ಓಡುವ ಜಾಗದಲ್ಲಿ ಗಾಡಿ ಕೆಡಲು 0.1 ಓಮ್ ಸಾಕು. ಆ ಮೀಟರಿನಲ್ಲಿ ಅದು ಕಾಣುವುದೇ ಇಲ್ಲ. ಹೊರೆ ಹೊರಿಸಿಯೇ, ಅಂದರೆ ಬ್ಲೋವರ್, ವೈಪರ್ ಎಲ್ಲ ಓಡಿಸುತ್ತಲೇ ಅಳೆಯಬೇಕು.

ಮಾರನೇ ದಿನ ಹಾಗೇ ಮಾಡಿದೆವು. ಗೇರು ನ್ಯೂಟ್ರಲ್, ಹ್ಯಾಂಡ್‌ಬ್ರೇಕ್ ಮೇಲೆ. ಕಪ್ಲರ್ ಹಾಕಿಯೇ ಇಟ್ಟು, ಅದರ ಹಿಂಬದಿಯಿಂದ ವೈರಿನ ಪಕ್ಕಕ್ಕೆ ಎರಡು ಗುಂಡುಪಿನ್ನು ತೂರಿಸಿದೆ, ಒಂದು ಬ್ಯಾಟರಿ ವೈರಿಗೆ, ಇನ್ನೊಂದು ಐಜಿಗೆ. ಈ ಪಿನ್ನುಗಳು ಒಂದಕ್ಕೊಂದಾಗಲೀ ಗಾಡಿಯ ಲೋಹದ ಮೈಗಾಗಲೀ ತಾಗಬಾರದು. ಅದಕ್ಕೇ ನಡುವೆ ಟೇಪ್ ಸುತ್ತಿದ್ದೆ. ಮೀಟರಿನ ಒಂದು ಕಡ್ಡಿ ಒಂದು ಪಿನ್ನಿಗೆ, ಇನ್ನೊಂದು ಕಡ್ಡಿ ಇನ್ನೊಂದಕ್ಕೆ, ಡಿಸಿ 20 ವೋಲ್ಟ್ ಗುರುತಿನಲ್ಲಿ. ಹೀಗೆ ಹಿಡಿದಾಗ ಮೀಟರ್ ತೋರಿಸುವುದು ಸ್ವಿಚ್ಚಿನೊಳಗೆ ಎಷ್ಟು ವೋಲ್ಟ್ ಕಳೆದುಹೋಗುತ್ತಿದೆ ಎಂಬುದನ್ನು. ಒಳ್ಳೆಯ ಸ್ವಿಚ್ಚಿನಲ್ಲಿ ಇದು 0.1, ಹೆಚ್ಚೆಂದರೆ 0.2. ಪೂರ್ತಿ ಕಡಿದುಹೋಗಿದ್ದರೆ ಬ್ಯಾಟರಿಯ 12 ವೋಲ್ಟೂ ಮೀಟರಿನಲ್ಲೇ ಕಾಣುತ್ತದೆ.

ಬ್ಲೋವರ್ ಒಂದೇ ಹಾಕಿದಾಗ 0.5. ವೈಪರ್ ಸೇರಿಸಿದೆ, 0.8. ಫಾಗ್ ಲ್ಯಾಂಪ್ ಹಾಕಿ ಐದು ನಿಮಿಷ ಬಿಟ್ಟೆ, 1.6! ಕೀಲಿಯನ್ನು ಬೆರಳ ತುದಿಯಲ್ಲಿ ಒಂಚೂರು ಅಲುಗಿಸಿದೆ. "ಅಪ್ಪಾ, ಹನ್ನೆರಡು!" ಎಂದು ಮಗ ಕೂಗಿದ. ಅದೇ ಗಳಿಗೆಗೆ ವೈಪರ್ ಗಾಜಿನ ನಡುವೆ ನಿಂತಿತು, ಘಾಟಿಯಲ್ಲಿ ನಿಂತ ಹಾಗೆಯೇ.

ಸುಮ್ಮನೆ ಕೂತುಬಿಟ್ಟೆ. ಕಾರನ್ನು ನಿಲ್ಲಿಸಿದ್ದು ನೀರಲ್ಲವೇ ಅಲ್ಲ. ಮಳೆ ಬಂದಾಗ ನಾವು ಹಾಕುವ ವೈಪರ್, ಬ್ಲೋವರ್, ಫಾಗ್ ಲ್ಯಾಂಪ್ ಎಲ್ಲದರ ಹೊರೆ ಈ ಒಂದು ಕಾಂಟ್ಯಾಕ್ಟಿನ ಮೇಲೆ ಬೀಳುತ್ತಿತ್ತು. 1.6 ವೋಲ್ಟ್, ಸುಮಾರು 13 ಆಂಪಿಯರ್ ಅಂತ ಹಿಡಿದರೂ 20 ವಾಟಿಗಿಂತ ಹೆಚ್ಚು. ನಾನು ವೈರು ಬೆಸೆಯಲು ಬಳಸುವ ಸೋಲ್ಡರಿಂಗ್ ಐರನ್ 25 ವಾಟಿನದು. ಹೆಚ್ಚುಕಮ್ಮಿ ಅಷ್ಟು ಕಾವು ಬೆಂಕಿಪೊಟ್ಟಣದಷ್ಟು ದೊಡ್ಡ ಪ್ಲಾಸ್ಟಿಕ್ಕಿನೊಳಗೆ. ಕಾದಾಗ ಬಿಡುತ್ತಿತ್ತು, ಹತ್ತು ನಿಮಿಷ ತಣಿದಾಗ ಮತ್ತೆ ತಾಗುತ್ತಿತ್ತು.

ಬಿಚ್ಚುವ ಕೆಲಸ ನಿಜಕ್ಕೂ ಸಣ್ಣದು. ಮೊದಲು ಬ್ಯಾಟರಿಯ ನೆಗೆಟಿವ್ ಬಿಚ್ಚಬೇಕು, 10ನೇ ನಂಬರ್ ಸ್ಪ್ಯಾನರ್. ಈ ಸ್ವಿಚ್ಚಿಗೆ ಕೀಲಿ ತೆಗೆದರೂ ಕರೆಂಟ್ ಇರುತ್ತದೆ. ಪಾಸಿಟಿವ್ ಮೊದಲು ಬಿಚ್ಚಲು ಹೋಗಿ ಸ್ಪ್ಯಾನರ್ ಗಾಡಿಯ ಲೋಹದ ಮೈಗೆ ತಾಗಿದರೆ ಬ್ಯಾಟರಿಯೇ ಶಾರ್ಟ್ ಆಗುತ್ತದೆ. ಸ್ಟೀರಿಂಗ್ ಕಂಬದ ಕವರಿಗೆ ಕೆಳಗಿನಿಂದ ಸ್ಟಾರ್ ಸ್ಕ್ರೂ. ಕವರ್ ಬಂದ ಮೇಲೆ ಫೋಟೋ ತೆಗೆದುಕೊಂಡೆ. ಸ್ವಿಚ್ ಹಿಡಿದಿದ್ದು ಎರಡೇ ಸಣ್ಣ ಸ್ಕ್ರೂ, ಗಿಡ್ಡ ಸ್ಕ್ರೂಡ್ರೈವರ್ ಬೇಕಾಯಿತು. ಕಪ್ಲರ್ ತೆಗೆಯುವಾಗ ಲಾಕ್ ಒತ್ತಿ ಪ್ಲಾಸ್ಟಿಕ್ ಹಿಡಿದೇ ಎಳೆಯಬೇಕು, ವೈರು ಹಿಡಿದಲ್ಲ. ಸ್ಟೀರಿಂಗ್ ಲಾಕಿನ ತಲೆಯಿಲ್ಲದ ಬೋಲ್ಟುಗಳನ್ನು ಮುಟ್ಟುವ ಅಗತ್ಯವೇ ಬರಲಿಲ್ಲ.

ಸ್ಕ್ರೂ ಬಿಚ್ಚಿದ ಮೇಲೆ ಇನ್ನೊಂದು ಪರೀಕ್ಷೆ ಮಾಡಿದೆ. ಬ್ಯಾಟರಿ ಮತ್ತೆ ಜೋಡಿಸಿ, ಕಪ್ಲರ್ ಹಾಕಿ, ಬೀಗದಿಂದ ಬೇರೆಯಾದ ಸ್ವಿಚ್ಚನ್ನು ಸ್ಕ್ರೂಡ್ರೈವರಿನಿಂದ ಆನ್‌ಗೆ ತಿರುಗಿಸಿದೆ. ಅದೇ ತೊಂದರೆ. ಹಾಗಾದರೆ ಬೀಗ ಸವೆದಿದ್ದಲ್ಲ, ಕೀಲಿ ಬದಲಿಸಬೇಕಿಲ್ಲ. ಇದು ಗೊತ್ತಿದ್ದರೆ ದುಡ್ಡು ಉಳಿಯುತ್ತದೆ. ತೀರ್ಥಹಳ್ಳಿಯಲ್ಲಿ ಸಿಗದೆ ಬಸ್ಸಿನಲ್ಲಿ ಶಿವಮೊಗ್ಗಕ್ಕೆ ಹೋದಾಗ, ಬಿ.ಎಚ್. ರಸ್ತೆಯ ಬಿಡಿಭಾಗದ ಅಂಗಡಿಯಲ್ಲಿ ಮೊದಲು ತೋರಿಸಿದ್ದು ಬೀಗ, ಎರಡು ಕೀಲಿ ಸಮೇತ ಇರುವ ಪೂರ್ತಿ ಸೆಟ್. ಹಳೆಯದನ್ನು ಚೀಲದಿಂದ ತೆಗೆದು, "ಇದೊಂದೇ ಸಾಕು" ಅಂದೆ. ಪಿನ್ನುಗಳ ಸಂಖ್ಯೆ, ಸ್ಕ್ರೂ ತೂತು, ನಾಲಗೆ ಕೂರುವ ಸೀಳು ಎಲ್ಲ ಪಕ್ಕಪಕ್ಕ ಇಟ್ಟು ನೋಡಿದೆ. ಬಿಲ್ 520 ರೂಪಾಯಿ.

ಹಳೆಯ ಸ್ವಿಚ್ಚಿನ ಮುಚ್ಚಳ ಎಬ್ಬಿಸಿದಾಗ ಒಳಗಿನ ಗ್ರೀಸ್ ಡಾಂಬರಿನಂತೆ ಕಪ್ಪಾಗಿತ್ತು. ಐಜಿ ಆನ್‌ನ ತಾಮ್ರದ ಚುಕ್ಕಿ ಗುಂಡಿ ಬಿದ್ದು, ಸುತ್ತಲಿನ ಪ್ಲಾಸ್ಟಿಕ್ ಕರಗಿ ತಗ್ಗಾಗಿತ್ತು. ಪಂಪ್ ಸ್ಟಾರ್ಟರಿನ ಕಾಂಟ್ಯಾಕ್ಟಿಗೆ ಮಾಡುವ ಹಾಗೆ ಉಪ್ಪುಕಾಗದ ಉಜ್ಜಿದರೆ ಆಗದೇ ಎಂದು ಮಗ ಕೇಳಿದ. ತಾಮ್ರವನ್ನು ಉಜ್ಜಿ ಹೊಳೆಸಬಹುದು. ಕಾದು ಬಿಗಿ ಕಳೆದುಕೊಂಡ ಸ್ಪ್ರಿಂಗ್ ಮತ್ತೆ ಒತ್ತುವುದಿಲ್ಲ. ಅಮ್ಮನನ್ನು ಕೂರಿಸಿಕೊಂಡು ಘಾಟಿ ಹತ್ತುವ ಗಾಡಿಗೆ ಆ ರಿಪೇರಿ ನಾನು ಮಾಡಲಾರೆ.

ಹೊಸದನ್ನು ಕೂರಿಸುವಾಗ ಕೀಲಿ ಆಫ್‌ನಲ್ಲಿರಲಿ. ಹೊಸ ಸ್ವಿಚ್ಚಿನ ಸೀಳನ್ನೂ ಸ್ಕ್ರೂಡ್ರೈವರಿನಿಂದ ಆಫ್‌ಗೆ ತಂದು, ನಾಲಗೆ ಅದರೊಳಗೆ ಸರಾಗ ಇಳಿದ ಮೇಲೆ ಸ್ಕ್ರೂ ಬಿಗಿಯಬೇಕು. ಸ್ಕ್ರೂ ಎಳೆದು ಕೂರಿಸಲು ಹೋದರೆ ಸೀಳು ಒಡೆಯುತ್ತದೆ.

ಇಲ್ಲಿಗೆ ನಿಲ್ಲಿಸಿದ್ದರೆ ಹೊಸ ಸ್ವಿಚ್ಚೂ ಒಂದೆರಡು ಮಳೆಗಾಲದಲ್ಲಿ ಸುಡುತ್ತಿತ್ತು. ಕಪ್ಲರಿನ ವೈರಿಂಗ್ ಬದಿಯ ಬ್ಯಾಟರಿ ಪಿನ್ ಕಂದುಬಣ್ಣಕ್ಕೆ ತಿರುಗಿ ಸಡಿಲಾಗಿತ್ತು. ಅದನ್ನು ತೆಗೆದು ಹೊಸ ಪಿನ್ನನ್ನು ವೈರಿಗೆ ಒತ್ತಿ ಬಿಗಿದು (ಕ್ರಿಂಪ್ ಮಾಡಿ) ಹಾಕಿದೆ. ಸಡಿಲ ಪಿನ್ ಕಾಯುತ್ತದೆ, ಕಾವು ಸ್ವಿಚ್ಚಿಗೆ ಹೋಗುತ್ತದೆ. ಸ್ವಿಚ್ ಮಾತ್ರ ಬದಲಿಸಿ ಇದನ್ನು ಹಾಗೇ ಬಿಡುವುದು ನನಗೆ ಒಪ್ಪಿಗೆಯಿಲ್ಲ.

ಇನ್ನು ಮೂಲಕಾರಣ, ಫಾಗ್ ಲ್ಯಾಂಪ್. ಅವು ಗಾಡಿಯ ಜೊತೆ ಬಂದದ್ದಲ್ಲ. ನಾಲ್ಕು ವರ್ಷದ ಹಿಂದೆ ಘಾಟಿಯ ಮಂಜಿಗೆಂದು ಹೊರಗೆ ಹಾಕಿಸಿದ್ದೆ. 55 ವಾಟಿನ ಬಲ್ಬು ಎರಡು, ಅಂದರೆ ಹತ್ತಿರ ಹತ್ತಿರ 9 ಆಂಪಿಯರ್. ಅದಕ್ಕೆ ರಿಲೇ ಇರಲಿಲ್ಲ, ಐಜಿ ವೈರಿನ ಸಿಪ್ಪೆ ಸುಲಿದು ನೇರ ಸುತ್ತಿದ್ದರು. ಆ ಹೊರೆ ಹೊರಲು ಈ ಸ್ವಿಚ್ಚನ್ನು ಯಾರೂ ಮಾಡಿರಲಿಲ್ಲ. ಅಂದು ಆ ವೈರಿಂಗನ್ನು ನಾನು ಬಗ್ಗಿ ನೋಡಿದ್ದರೆ ಘಾಟಿಯ ಆ ಸಂಜೆ ಬರುತ್ತಿರಲಿಲ್ಲ ಎಂಬ ನೋವು ಈಗಲೂ ಇದೆ.

ಆ ಜೋಡಣೆ ಕಿತ್ತೆ. ನಾಲ್ಕು ಪಿನ್ನಿನ ರಿಲೇ ತಂದೆ. ಬ್ಯಾಟರಿಯಿಂದ 15 ಆಂಪಿಯರ್ ಫ್ಯೂಸ್ ಮೂಲಕ ದಪ್ಪ ವೈರು ರಿಲೇಯ 30 ಎಂಬ ಗುರುತಿನ ಪಿನ್ನಿಗೆ, 87ರಿಂದ ದೀಪಗಳಿಗೆ. 85ನೇ ಪಿನ್ ಗಾಡಿಯ ಲೋಹದ ಮೈಗೆ. 86ಕ್ಕೆ ಡ್ಯಾಶ್‌ಬೋರ್ಡಿನ ಸಣ್ಣ ಸ್ವಿಚ್ಚಿನ ಮೂಲಕ ಐಜಿ. ಫ್ಯೂಸನ್ನು ಬ್ಯಾಟರಿಗೆ ಆದಷ್ಟು ಹತ್ತಿರ ಇಟ್ಟೆ, ನಡುದಾರಿಯಲ್ಲಿ ವೈರು ಉಜ್ಜಿ ಶಾರ್ಟ್ ಆದರೂ ಬೆಂಕಿ ಹತ್ತಬಾರದಲ್ಲ. ಈಗ ಫಾಗ್ ಲ್ಯಾಂಪ್ ಹಾಕಿದರೆ ಕೀಲಿಯ ಮೂಲಕ ಹೋಗುವುದು ರಿಲೇಯ ಕಾಯಿಲಿಗೆ ಬೇಕಾದ ಕಾಲು ಆಂಪಿಯರಿಗಿಂತ ಕಡಿಮೆ ಕರೆಂಟ್. ಕೀಲಿಗೊಂಚಲಿನಲ್ಲಿ ತೂಗುತ್ತಿದ್ದ ಅಡಿಕೆ ಉಗ್ರಾಣದ, ಪಂಪ್‌ಹೌಸಿನ ದಪ್ಪ ಕೀಲಿಗಳನ್ನೂ ಬೇರೆ ಮಾಡಿದೆ. ಗುಂಡಿ ರಸ್ತೆಯಲ್ಲಿ ಆ ಭಾರ ಕುಲುಕಿದಂತೆಲ್ಲ ಬೀಗವೂ ಸ್ವಿಚ್ಚೂ ಅಲುಗುತ್ತಿದ್ದವು.

ಒಂದು ಎಚ್ಚರಿಕೆ. ನಮ್ಮದು ಏರ್‌ಬ್ಯಾಗ್ ಇಲ್ಲದ, ಕೀಲಿಯಲ್ಲಿ ಚಿಪ್ ಇಲ್ಲದ ಹಳೆಯ ಗಾಡಿ, ಆ ಧೈರ್ಯದಲ್ಲಿ ಕೈ ಹಾಕಿದೆ. ಸ್ಟೀರಿಂಗಿನಲ್ಲಿ ಏರ್‌ಬ್ಯಾಗ್ ಇದ್ದರೆ, ಕವರಿನೊಳಗೆ ಹಳದಿ ಕಪ್ಲರ್ ಕಂಡರೆ, ಅದನ್ನು ಮೀಟರಿನಿಂದ ಮುಟ್ಟಲೇಬೇಡಿ. ಆ ಕೆಲಸ ತಿಳಿದವರಿಗೇ ಬಿಡಿ. ಇನ್ನು ಓಡುವಾಗ ಎಂಜಿನ್ ಆರಿದರೆ ಬ್ರೇಕ್ ಒತ್ತಲು ಬಲ ಕೂಡಿಸುವ ಬೂಸ್ಟರಿನಲ್ಲಿ ಒಂದೆರಡು ಸಲ ಒತ್ತುವಷ್ಟು ಮಾತ್ರ ಸಹಾಯ ಉಳಿದಿರುತ್ತದೆ. ಒತ್ತಿ ಬಿಟ್ಟು ಮಾಡದೆ ಒಂದೇ ಸಲ ಗಟ್ಟಿಯಾಗಿ ಒತ್ತಿ ಹಿಡಿಯಬೇಕು. ಗಾಡಿ ನಿಲ್ಲುವವರೆಗೆ ಕೀಲಿಯನ್ನು ಹೊರಗೆ ಎಳೆಯಬಾರದು, ಸ್ಟೀರಿಂಗ್ ಲಾಕ್ ಬೀಳುತ್ತದೆ.

ಕೆಲಸ ಮುಗಿದ ಸಂಜೆ ಅದೇ ಗುಂಡುಪಿನ್ನು, ಅದೇ ಹೊರೆ: ಬ್ಲೋವರ್, ವೈಪರ್, ಫಾಗ್ ಲ್ಯಾಂಪ್, ಐದು ನಿಮಿಷ. ಮೀಟರ್ 0.06ರಲ್ಲಿ ನಿಂತಿತ್ತು. ಕೀಲಿ ಅಲುಗಿಸಿದೆ, ಕದಲಲಿಲ್ಲ. ಅಕ್ಟೋಬರಿನ ಹಿಂಗಾರು ಮಳೆಯಲ್ಲಿ ಮತ್ತೆ ಹೆಬ್ರಿಗೆ ಹೋಗಬೇಕಾಗಿ ಬಂತು. ವಾಪಸ್ ಬರುವಾಗ ಅದೇ ತಿರುವುಗಳು, ಅದೇ ಮಂಜು. ನಾನು ಫಾಗ್ ಲ್ಯಾಂಪಿನ ಸ್ವಿಚ್ ಒತ್ತಿದೆ, ಬಾನೆಟ್ಟಿನ ಕೆಳಗೆ ರಿಲೇ 'ಟಿಕ್' ಅಂದಿದ್ದು ಮಳೆಯ ಸದ್ದಿನ ನಡುವೆಯೂ ಕೇಳಿಸಿತು. ಆಗುಂಬೆಯ ಚೆಕ್‌ಪೋಸ್ಟ್ ದಾಟುವಾಗ ಪಕ್ಕಕ್ಕೆ ನೋಡಿದೆ. ಅಮ್ಮ ನಿದ್ದೆ ಹೋಗಿದ್ದರು.