ಅಟ್ಟದಲ್ಲಿ ಇಲಿ: ದೆವ್ವದ ಮನೆಯ ಕಾದಂಬರಿಯನ್ನು ನಾನು ಬರೆದ ಬಗೆ

ನಮ್ಮ ಕಡೆ ಸತ್ತವರು ಮನೆಗೆ ಬರುವುದು ಅಷ್ಟೇನೂ ಹೆದರುವ ವಿಷಯವಲ್ಲ. ನಾವೇ ಕರೆಯುತ್ತೇವೆ. ಆಟಿ ತಿಂಗಳಲ್ಲಿ, ಅಂದರೆ ಜುಲೈ ನಡುವಿನಿಂದ ಆಗಸ್ಟ್ ನಡುವಿನ ತನಕ, ತುಳುನಾಡಿನ ಎಷ್ಟೋ ಮನೆಗಳಲ್ಲಿ ಬಾಳೆಲೆ ಹಾಕಿ ಕುಲೆಗಳಿಗೆ, ಅಂದರೆ ತೀರಿಹೋದವರ ಆತ್ಮಗಳಿಗೆ, ಬಡಿಸುತ್ತಾರೆ. ಅಜ್ಜನಿಗೆ ಇಷ್ಟ ಅಂತ ಕೋಳಿ ಸುಕ್ಕ ಇರುತ್ತದೆ. ಕೆಲವು ಮನೆಗಳಲ್ಲಿ ಪಕ್ಕದಲ್ಲೊಂದು ಲೋಟ ಶೇಂದಿಯೂ ಇರುತ್ತದೆ. ಬಡಿಸಿ, ಬಾಗಿಲು ಎಳೆದುಕೊಂಡು, ಸ್ವಲ್ಪ ಹೊತ್ತು ಹೊರಗೆ ಕೂರುತ್ತೇವೆ. ಆಮೇಲೆ ಒಳಗೆ ಹೋಗಿ ನಾವೂ ಊಟ ಮಾಡುತ್ತೇವೆ. ಇಂಥ ಊರಲ್ಲಿ ಕೂತು "ಸತ್ತ ಮಗಳು ಮನೆಗೆ ಬಂದಳು" ಅಂತ ಬರೆದರೆ, ಓದುವವರು "ಬರಲಿ, ಅದಕ್ಕೇನೀಗ?" ಅನ್ನುತ್ತಾರೆ.

ಕಾದಂಬರಿ ಶುರು ಮಾಡಿದಾಗ ಮೊದಲು ಎದುರಾದ ತೊಡಕು ಇದೇ. ಕತೆ ಇಷ್ಟು. ಉಡುಪಿ ಜಿಲ್ಲೆಯ ಕಟಪಾಡಿಯಿಂದ ಶಿರ್ವಕ್ಕೆ ಹೋಗುವ ದಾರಿಯಲ್ಲಿ, ಸ್ವಲ್ಪ ಒಳಗೆ, ಒಂದು ಹಳೇ ಹೆಂಚಿನ ಮನೆ. ಅಪ್ಪ, ಅಮ್ಮ, ಅಮ್ಮನ ಅಮ್ಮ, ಹೈಸ್ಕೂಲಿಗೆ ಹೋಗುವ ಹುಡುಗ. ಪಿಯುಸಿ ಓದುತ್ತಿದ್ದ ಅಕ್ಕ ಒಂದು ಮಳೆಗಾಲದಲ್ಲಿ ತೀರಿಕೊಂಡಿದ್ದಾಳೆ. ಅಲ್ಲಿಂದ ಮುಂದಿನ ಆಟಿಯವರೆಗಿನ ಒಂದು ವರ್ಷ ಕತೆಯಲ್ಲಿದೆ. ಅವಳು ಬರುತ್ತಾಳೆ ಅನ್ನುವುದರಲ್ಲಿ ಹೆದರಿಕೆ ಇಲ್ಲ ಅಂದ ಮೇಲೆ ಅದನ್ನು ಎಲ್ಲಿಂದ ತರುವುದು? ಬಹಳ ದಿನ ಇದನ್ನೇ ತಲೆಯಲ್ಲಿಟ್ಟುಕೊಂಡು ಓಡಾಡಿದೆ. ಬೊಜ್ಜ, ಅಂದರೆ ಉತ್ತರಕ್ರಿಯೆ, ಆದ ಮೇಲೆ ಸತ್ತವರನ್ನು ಮನೆಯ ಹಿರಿಯರ ಜೊತೆ ಸೇರಿಸುವ ಕ್ರಮ ನಮ್ಮಲ್ಲಿದೆ. ನನ್ನ ಕಾದಂಬರಿಯ ಅಮ್ಮ ಅದಕ್ಕೆ ಒಪ್ಪುವುದಿಲ್ಲ. "ಹದಿನೇಳು ವರ್ಷದ ಹುಡುಗಿಯನ್ನು ಮುತ್ತಜ್ಜಂದಿರ ಸಾಲಲ್ಲಿ ಕೂರಿಸಬೇಕಾ?" ಅಂತ ಕೇಳುತ್ತಾಳೆ. ಬರುವವಳನ್ನು ವಾಪಸ್ ಕಳಿಸಲು ಒಪ್ಪದ ಮನೆ ಸಿಕ್ಕಿದ ಮೇಲೆ ಬರವಣಿಗೆ ಮುಂದೆ ಹೋಯಿತು.

ದೈವಗಳನ್ನು ಹೆದರಿಸಲು ಬಳಸಬಾರದು ಅಂತ ಮೊದಲೇ ನಿರ್ಧರಿಸಿದ್ದೆ. ಪಂಜುರ್ಲಿ, ಗುಳಿಗ, ಕಲ್ಲುರ್ಟಿ ಇಲ್ಲಿ ಮನೆ ಕಾಯುವವರು, ನ್ಯಾಯ ಹೇಳುವವರು. ದೈವದ ವೇಷ ಕಟ್ಟಿ ಕುಣಿಯುವ ಕೋಲದ ಆರ್ಭಟ ತಂದು ಪುಟ ತುಂಬಿಸುವುದು ಸುಲಭ. ಆದರೆ ಆಮೇಲೆ ಊರವರ ಮುಖ ನೋಡಬೇಕಲ್ವಾ? ಹಾಗಂತ ಶಿರ್ವದ ಕಡೆಯ ಹಳೇ ಮನೆಯಲ್ಲಿ ದೈವದ ಕೋಣೆಯೇ ಇಲ್ಲ ಅಂದರೆ ಯಾರೂ ನಂಬುವುದಿಲ್ಲ. ಕೋಣೆ ಇದೆ, ಸಂಕ್ರಾಂತಿಗೆ ದೀಪ ಇಡುತ್ತಾರೆ. ಅಷ್ಟೇ.

ಸಾವು ಹೇಗೆ ಆಗಬೇಕು ಅನ್ನುವುದಕ್ಕೆ ಜಾಸ್ತಿ ಸಮಯ ಹೋಯಿತು. ಕರಾವಳಿ ಅಂದ ಕೂಡಲೇ ಸಮುದ್ರ ನೆನಪಾಗುತ್ತದೆ. ಆದರೆ ಮಲ್ಪೆಯಿಂದ ಹೋದ ಸುವರ್ಣ ತ್ರಿಭುಜ ಬೋಟು 2018ರ ಡಿಸೆಂಬರ್‌ನಲ್ಲಿ ಏಳು ಮೀನುಗಾರರ ಸಮೇತ ಕಾಣೆಯಾಯಿತು. ಅದರ ಅವಶೇಷ ಮಹಾರಾಷ್ಟ್ರದ ಮಾಲ್ವಣ್ ಹತ್ತಿರ ಸಿಕ್ಕಿದ್ದು 2019ರ ಮೇ ತಿಂಗಳಲ್ಲಿ. ಅಷ್ಟು ತಿಂಗಳು ಬಾಗಿಲು ನೋಡುತ್ತಾ ಕೂತ ಮನೆಗಳು ಇಲ್ಲೇ ಇವೆ. ಸಮುದ್ರದಲ್ಲಿ ಕಳೆದುಹೋದವನೊಬ್ಬ ರಾತ್ರಿ ಬಂದು ಬಾಗಿಲು ಬಡಿದ ಅಂತ ನಾನು ಬರೆದರೆ ಅದು ಯಾರ ಬಾಗಿಲು ಅಂತ ಎಲ್ಲರಿಗೂ ಗೊತ್ತಾಗುತ್ತದೆ. ಬೇಡ ಅನ್ನಿಸಿತು.

ಆಮೇಲೆ ಸಿಕ್ಕಿದ್ದು ಇಲಿಜ್ವರ. ಮಳೆಗಾಲದಲ್ಲಿ ನಮ್ಮ ದಕ್ಷಿಣ ಕನ್ನಡ, ಉಡುಪಿ ಎರಡೂ ಜಿಲ್ಲೆಗಳಲ್ಲಿ ಇದರ ಮಾತು ಇದ್ದೇ ಇರುತ್ತದೆ. ಇಲಿಯ ಮೂತ್ರ ಸೇರಿದ ನೀರು, ಕೆಸರು. ಕಾಲಲ್ಲೊಂದು ಸಣ್ಣ ಗಾಯ. ಅಷ್ಟು ಸಾಕು, ರೋಗಾಣು ಒಳಗೆ ಹೋಗುತ್ತದೆ. ಒಂದು ವಾರ, ಹತ್ತು ದಿನ ಬಿಟ್ಟು ಜ್ವರ ಬರುತ್ತದೆ. ಕಣ್ಣು ಕೆಂಪಾಗುತ್ತದೆ. ಮೊಣಕಾಲಿನ ಕೆಳಗೆ, ಹಿಂಭಾಗದ ಮಾಂಸಖಂಡದಲ್ಲಿ ಮುಟ್ಟಲಾಗದಷ್ಟು ನೋವು. ಬೇಗ ಗೊತ್ತಾದರೆ ಮಾಮೂಲಿ ಆಂಟಿಬಯಾಟಿಕ್‌ನಲ್ಲೇ ವಾಸಿಯಾಗುತ್ತದೆ. ತಡವಾಗಿ ಜೋರಾದರೆ ಕಿಡ್ನಿ, ಲಿವರ್‌ಗೆ ಹೊಡೆತ.

ಆ ಕಾಲುನೋವಿನ ವಿಷಯವನ್ನು ಪರಿಚಯದ ವೈದ್ಯೆಯೊಬ್ಬರು ಹೇಳಿದಾಗ ಅರ್ಧ ಕಾದಂಬರಿ ಅಲ್ಲೇ ಕೈಗೆ ಬಂತು. ಆಟಿಯ ಸುಮಾರಿಗೆ ಊರೂರಲ್ಲಿ ಕೆಸರುಗದ್ದೆ ಆಟ ಇರುತ್ತದಲ್ಲ? ನನ್ನ ಹುಡುಗಿ ತಮ್ಮನ ಒತ್ತಾಯಕ್ಕೆ ಗದ್ದೆಗೆ ಇಳಿದು ಹಗ್ಗ ಎಳೆದಿದ್ದಾಳೆ. ಮುಂದಿನ ವಾರ ಕಾಲುನೋವು ಅಂದರೆ ಮನೆಯವರು ಏನು ಹೇಳುತ್ತಾರೆ? "ಹಗ್ಗ ಎಳೆದದ್ದು, ಮತ್ತೆ ನೋಯದೆ ಇರ್ತದಾ?" ಅಜ್ಜಿ ಎಣ್ಣೆ ತಿಕ್ಕುತ್ತಾಳೆ. ಅಪ್ಪ ಜ್ವರಕ್ಕೆ ಪ್ಯಾರಾಸಿಟಮಾಲ್ ಕೊಡುತ್ತಾನೆ. ಎಲ್ಲರೂ ಪ್ರೀತಿಯಿಂದಲೇ ಮಾಡಿದ್ದು. ಅದರಲ್ಲೇ ಮೂರು ದಿನ ಹೋಗುತ್ತದೆ.

ಅಮ್ಮನ ಪಾಲಿಗೆ ಬೇರೆಯೇ ಒಂದಿದೆ. ಮನೆಯ ಅಟ್ಟದಲ್ಲಿ ಭತ್ತ, ಒಣ ತೆಂಗಿನಕಾಯಿ. ಇಲಿ ಜಾಸ್ತಿಯಾಗಿದೆ, ಏನಾದರೂ ಮಾಡು ಅಂತ ಅಜ್ಜಿ ಹೇಳಿದ್ದಳು. ಅಮ್ಮ ನಾಳೆ ನಾಳೆ ಅಂತ ಬಿಟ್ಟಿದ್ದಳು. ರೋಗ ಗದ್ದೆಯಿಂದ ಬಂತೋ, ಮನೆಯಿಂದಲೇ ಬಂತೋ ಕೊನೆಯವರೆಗೂ ಯಾರಿಗೂ ತಿಳಿಯುವುದಿಲ್ಲ.

ಈಗ ನೋಡಿ. ದೆವ್ವದ ಕತೆಗಳಲ್ಲೆಲ್ಲ ರಾತ್ರಿ ಅಟ್ಟದಲ್ಲಿ ಸದ್ದಾದರೆ ಯಾರಾದರೂ ಒಬ್ಬರು "ಇಲಿ ಇರಬೇಕು, ಮಲಗು" ಅನ್ನುತ್ತಾರೆ. ಧೈರ್ಯ ಹೇಳುವ ಮಾತದು. ಓದುವವರಿಗೂ ಒಂದು ಕ್ಷಣ ಉಸಿರು ಬಿಡಲು ಜಾಗ. ಈ ಮನೆಯಲ್ಲಿ ಮಾತ್ರ ಆ ಮಾತನ್ನು ಯಾರೂ ಬಾಯಿ ಬಿಟ್ಟು ಹೇಳುವ ಹಾಗಿಲ್ಲ. ಮೊದಲ ಅಧ್ಯಾಯದ ಆ ಭಾಗವನ್ನು ಹೀಗೆ ಬರೆದೆ:

"ಮೇಲೆ ಸದ್ದಾಯಿತು. ಹುಡುಗ ಎದ್ದು ಕೂತ. ಅಪ್ಪ ಬಾಯಿ ತೆರೆದ, ಅಮ್ಮನ ಕಡೆ ನೋಡಿದ, ಮುಚ್ಚಿದ. ಅಮ್ಮ ಗೋಡೆಗೆ ಮುಖ ಮಾಡಿ ಮಲಗಿದ್ದಳು. 'ಅವಳೇ ಇರಬೇಕು' ಅಂದಳು."

ಇಲಿಗಿಂತ ಮಗಳ ಕುಲೆಯೇ ವಾಸಿ ಅಂತ ಅಮ್ಮ ಆರಿಸಿಕೊಂಡದ್ದು ಅಲ್ಲಿ. ಇದಾದ ಮೇಲೆ ಹೆದರಿಕೆಗೆ ನಾನು ಹೆಚ್ಚು ಕಷ್ಟಪಡಬೇಕಾಗಲಿಲ್ಲ.

ಒಂದು ಕಟ್ಟುಪಾಡು ಮಾತ್ರ ಹಾಕಿಕೊಂಡೆ. ಮನೆಯಲ್ಲಿ ಏನೇ ನಡೆದರೂ ಮೊದಲ ಸಲ ಅದನ್ನು ಮನೆಯವರೇ ಯಾರೋ ಒಬ್ಬರು ಗುಟ್ಟಾಗಿ, ಇನ್ನೊಬ್ಬರ ಮೇಲಿನ ಪ್ರೀತಿಗೆ ಮಾಡಿರಬೇಕು. ಆಮೇಲೆ ಅದೇ ಕೆಲಸ ಅವರು ಇಲ್ಲದಾಗ ನಡೆಯಬೇಕು. ಉದಾಹರಣೆಗೆ ಅನ್ನ. ಮಗಳು ಹೋದ ಮೇಲೂ ಅಮ್ಮ ಕುಚ್ಚಲಕ್ಕಿಯ ಅಳತೆ ಕಮ್ಮಿ ಮಾಡಿಲ್ಲ. ಅದೇ ಪಾವು, ಅಷ್ಟೇ ಸಲ. ರಾತ್ರಿ ಒಂದು ಪಾಲು ಅನ್ನ ಉಳಿಯಬೇಕು. ಬೆಳಿಗ್ಗೆ ನೋಡಿದರೆ ಪಾತ್ರೆ ಖಾಲಿ, ತೊಳೆದು ಬೋರಲು ಹಾಕಿದೆ. ಅಮ್ಮನ ಮುಖದಲ್ಲಿ ಸಣ್ಣ ಗೆಲುವು. ಹುಡುಗ ಒಂದು ರಾತ್ರಿ ನೀರು ಕುಡಿಯಲು ಎದ್ದಾಗ ಗುಟ್ಟು ತಿಳಿಯುತ್ತದೆ. ಅಪ್ಪ ಕತ್ತಲಲ್ಲಿ ನಿಂತು, ಹಸಿವಿಲ್ಲದಿದ್ದರೂ, ತಣ್ಣಗಿನ ಅನ್ನವನ್ನು ಉಪ್ಪು ಕೂಡ ಇಲ್ಲದೆ ನುಂಗುತ್ತಿದ್ದಾನೆ. ಉಳಿದ ಅನ್ನ ನೋಡಿ ಅಮ್ಮ ಅಳಬಾರದು ಅಂತ. ಹತ್ತಾರು ಪುಟ ದಾಟಿದ ಮೇಲೆ ಅಪ್ಪ ಕೆಲಸದ ಮೇಲೆ ಮಂಗಳೂರಿಗೆ ಹೋಗಿ ಅಲ್ಲೇ ಉಳಿಯುತ್ತಾನೆ. ಬೆಳಿಗ್ಗೆ ಪಾತ್ರೆ ಖಾಲಿ, ತೊಳೆದು ಬೋರಲು ಹಾಕಿದೆ. ಹುಡುಗನಿಗೆ ಮಾತ್ರ ಅದು ಏನು ಅಂತ ಗೊತ್ತು. ಹೇಳಿದರೆ ಅಪ್ಪನ ಗುಟ್ಟು ಹೊರಬೀಳುತ್ತದೆ, ಹಾಗಾಗಿ ಸುಮ್ನೆ ಇರುತ್ತಾನೆ.

ಇದಕ್ಕೆಲ್ಲ ಒಂದು ನೋಟ್‌ಬುಕ್ ಇಟ್ಟಿದ್ದೆ. ಎಡಗಡೆ ಯಾರು ಮಾಡಿದ್ದು, ಯಾರಿಗಾಗಿ. ಬಲಗಡೆ ಅವರಿಲ್ಲದಾಗ ಅದೇ ಕೆಲಸ ಯಾವಾಗ ನಡೆಯಿತು, ಯಾರ ಕಣ್ಣಿಗೆ ಬಿತ್ತು. ಅಪ್ಪ ಮಗಳ ಮೊಬೈಲಿಗೆ 84 ದಿನದ ರೀಚಾರ್ಜ್ ಹಾಕಿಸುತ್ತಲೇ ಇರುವುದು ಎಡಗಡೆ. ಒಂದು ಸಲ ಮರೆತಾಗ ಯಾರೋ ಹಾಕಿಸಿದ್ದಾರೆ ಅಂತ ಮೆಸೇಜ್ ಬರುವುದು ಬಲಗಡೆ. ಬಲಗಡೆ ತುಂಬದ ಸಾಲುಗಳೂ ಉಳಿದವು. ಅವುಗಳನ್ನು ಹಾಗೇ ಕಾದಂಬರಿಯಲ್ಲಿ ಬಿಟ್ಟೆ. ಎಲ್ಲದಕ್ಕೂ ದೆವ್ವ ಬಂದರೆ ಬೇಜಾರಾಗುತ್ತದೆ.

ಮನೆಯ ವಿಷಯ. ಚೌಕದ ಹಾಳೆಯ ಮೇಲೆ ನಕ್ಷೆ ಬರೆದು ಗೋಡೆಗೆ ಅಂಟಿಸಿದ್ದೆ. ಚಾವಡಿ, ಒಳಗಿನ ಕತ್ತಲೆ ಕೋಣೆ, ಅಟ್ಟದ ಏಣಿ, ಹಿಂದೆ ಬಚ್ಚಲು, ಬಾವಿ. ರಾತ್ರಿ ಬಚ್ಚಲಿಗೆ ಹೋಗುವವರು ಯಾರ ಬಾಗಿಲ ಮುಂದೆ ಹಾದು ಹೋಗಬೇಕು ಅನ್ನುವುದು ಗೊತ್ತಿಲ್ಲದೆ ಇಂಥ ಕಾದಂಬರಿ ಬರೆಯಲು ಆಗುವುದಿಲ್ಲ. ಗೋಡೆ ಮುರಕಲ್ಲು, ಮಾಡು ಅಂದರೆ ಛಾವಣಿ ಹೆಂಚಿನದು. ಬಾಸೆಲ್ ಮಿಷನ್‌ನವರು 1865ರಲ್ಲಿ ಮಂಗಳೂರಿನಲ್ಲಿ ಹೆಂಚಿನ ಕಾರ್ಖಾನೆ ಶುರು ಮಾಡಿದ ಮೇಲೆ ಇಲ್ಲಿನ ಹುಲ್ಲಿನ ಮಾಡುಗಳು ಒಂದೊಂದಾಗಿ ಹೋದವು. ಹೆಂಚಿನ ನಡುವೆ ಬೆಳಕಿಗೆ ಅಂತ ಒಂದೆರಡು ಗಾಜಿನ ಹೆಂಚು ಇರುತ್ತದಲ್ಲ, ನನಗೆ ಅದು ದೊಡ್ಡ ಉಪಕಾರ ಮಾಡಿತು. ಬಿಸಿಲಿದ್ದಾಗ ಅಡಿಗೆಮನೆಯ ನೆಲದಲ್ಲಿ ಒಂದು ಬೆಳಕಿನ ಚೌಕ ಬೀಳುತ್ತದೆ, ಹೊತ್ತು ಹೋದ ಹಾಗೆ ಸರಿಯುತ್ತದೆ. ಮಧ್ಯಾಹ್ನ ಅಜ್ಜಿ ಮೆಣಸು ಬಿಡಿಸುತ್ತಾ ಕೂತಿರುವಾಗ ಆ ಚೌಕದಲ್ಲಿ ನೆರಳು ಬಿದ್ದು, ಹೋಗದೆ ನಿಲ್ಲುತ್ತದೆ. ಮೇಲೆ ಮಂಗ ಕೂತಿರಬಹುದು. ಅಜ್ಜಿ ತಲೆ ಎತ್ತುವುದಿಲ್ಲ, ಮೆಣಸಿನ ತಟ್ಟೆಯನ್ನು ಸ್ವಲ್ಪ ಪಕ್ಕಕ್ಕೆ ಎಳೆದು ಜಾಗ ಬಿಡುತ್ತಾಳೆ. ನನಗೆ ಇಡೀ ಪುಸ್ತಕದಲ್ಲಿ ಇಷ್ಟವಾದದ್ದು ಅದೇ. ನಡುಹಗಲಿನ ಹೆದರಿಕೆಗೆ ರಾತ್ರಿಗಿಂತ ಬಲ ಜಾಸ್ತಿ.

ರಾತ್ರಿಯನ್ನು ಹೇಗೂ ಇನ್ವರ್ಟರ್ ಹಾಳು ಮಾಡಿದೆ. ಕರೆಂಟ್ ಹೋದರೂ ಫ್ಯಾನ್ ತಿರುಗುತ್ತದೆ. ಹಾಗಾಗಿ ಇನ್ವರ್ಟರನ್ನೇ ಕತೆಗೆ ತಂದೆ. ಎರಡು ದಿನ ಬಿಡದೆ ಮಳೆ, ಲೈನ್ ಮೇಲೆ ಮರ ಬಿದ್ದಿದೆ, ಬ್ಯಾಟರಿ ಮುಗಿಯುತ್ತಾ ಬಂದಾಗ ಅದು ಬೀಪ್ ಬೀಪ್ ಅನ್ನತೊಡಗುತ್ತದೆ. ಆಸ್ಪತ್ರೆಯ ಐಸಿಯು ಹೊರಗೆ ಕೂತಿದ್ದ ಮನೆಯವರಿಗೆ ಆ ಸದ್ದು ಹೇಗೆ ಕೇಳಿಸಬೇಡ?

"ಇಷ್ಟೆಲ್ಲ ಆದರೂ ಮನೆ ಬಿಟ್ಟು ಯಾಕೆ ಹೋಗುವುದಿಲ್ಲ?" ಇಂಥ ಕತೆಗಳಲ್ಲಿ ಓದುಗರು ಕೇಳುವ ಮೊದಲ ಪ್ರಶ್ನೆ ಇದು. ನಮ್ಮಲ್ಲಿ ಉತ್ತರ ಸುಲಭ. ಇದು ಅಳಿಯಸಂತಾನದ ಮನೆ, ಅಂದರೆ ಆಸ್ತಿ ಹೆಣ್ಣಿನ ಕಡೆಯಿಂದ ಇಳಿದು ಬರುವ ಪದ್ಧತಿಯದು, ಅಮ್ಮನ ಕಡೆಯದು. 1949ರ ಮದ್ರಾಸ್ ಅಳಿಯಸಂತಾನ ಕಾಯ್ದೆ ಬಂದ ಮೇಲೆ ಕವರಿನವರು, ಅಂದರೆ ಕುಟುಂಬದ ಒಂದೊಂದು ಕವಲಿನವರು, ಪಾಲು ಕೇಳುವ ಹಾಗಾಯಿತು. ಕೇಳಿದರು ಕೂಡ. ಕೇಸು ಕೋರ್ಟಲ್ಲಿದೆ. ಮಾರುವ ಹಾಗಿಲ್ಲ, ಬೀಗ ಹಾಕಿ ಹೋದರೆ ಮುಂಬೈಯ ಮಾವ ಬಂದು ಕೂರುತ್ತಾನೆ. ಇಷ್ಟು ಬರೆದರೆ ಕರಾವಳಿಯ ಓದುಗರು ಮತ್ತೆ ಆ ಪ್ರಶ್ನೆ ಕೇಳುವುದಿಲ್ಲ. ಅಪ್ಪ ಆ ಮನೆಯಲ್ಲಿ ಹೇಗಿದ್ದರೂ ಹೊರಗಿನವನು ಅನ್ನುವುದೂ ಇದರಿಂದ ಸಿಕ್ಕಿತು.

ಮದುವೆಯ ಭಾಗ ಬೇಕೋ ಬೇಡವೋ ಅಂತ ಗೊಂದಲ ಇತ್ತು. ಮದುವೆಯಾಗದೆ ಸತ್ತವರಿಗೆ, ಹಾಗೇ ಸತ್ತ ಇನ್ನೊಂದು ಮನೆಯ ಜೋಡಿ ಹುಡುಕಿ ಮದುವೆ ಮಾಡುವುದು ದಕ್ಷಿಣ ಕನ್ನಡ, ಉಡುಪಿಯಲ್ಲಿ ಈಗಲೂ ಇದೆ. 2024ರಲ್ಲಿ ಪುತ್ತೂರಿನ ಕಡೆಯ ಒಂದು ಕುಟುಂಬ, ಮೂವತ್ತು ವರ್ಷದ ಹಿಂದೆ ತೀರಿಕೊಂಡ ಮಗಳಿಗೆ ವರ ಬೇಕು ಅಂತ ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟಿತ್ತು. ಹೊರಗಿನವರು ನಕ್ಕರು. ನನಗೆ ಆ ಮೂವತ್ತು ವರ್ಷ ಕಣ್ಣಿಗೆ ಬಿತ್ತು. ಅಷ್ಟು ಕಾಲ ಆ ಮನೆಯಲ್ಲಿ ಅವಳ ವಯಸ್ಸನ್ನು ಯಾರೋ ಲೆಕ್ಕ ಇಡುತ್ತಲೇ ಇದ್ದರು. ಕಾದಂಬರಿಯಲ್ಲಿ ಅಜ್ಜಿ ಹೊರಡಿಸುವ ಪ್ರಸ್ತಾಪ ಅದು. ಸೀರೆ ತರುವ ತನಕ ಹೋಗುತ್ತದೆ, ಅಮ್ಮ ಅಲ್ಲಿಗೇ ನಿಲ್ಲಿಸುತ್ತಾಳೆ. ನಾನು ನಿಲ್ಲಿಸಿದ್ದೂ ಅಲ್ಲೇ. ಮದುವೆಯನ್ನೇ ಬರೆದಿದ್ದರೆ ಪುಸ್ತಕ ಪೂರ್ತಿ ಅದರದ್ದೇ ಆಗಿಬಿಡುತ್ತಿತ್ತು.

ತಿದ್ದುವಾಗ ಮಾಡಿದ್ದು ಕಡಿಮೆ. "ಭಯಾನಕ", "ವಿಚಿತ್ರ", "ಮೈ ಜುಮ್ಮೆಂದಿತು" ಎಲ್ಲ ಹುಡುಕಿ ತೆಗೆದೆ. ಅಡಿಕೆ ಹಾಳೆ ಬೀಳುವ ಸದ್ದು ಎಲ್ಲೆಲ್ಲೂ ಬರುತ್ತಿತ್ತು, ಒಂದೇ ಕಡೆ ಉಳಿಸಿದೆ.

ಹಸ್ತಪ್ರತಿಯನ್ನು ಮೊದಲು ಓದಿದ್ದು ಕಾಪುವಿನಲ್ಲಿರುವ ನನ್ನ ಅತ್ತಿಗೆ. ದೆವ್ವದ ಕತೆ ಅಂದರೆ ಅವರಿಗೆ ಪ್ರಾಣ. ಓದಿ ಮುಗಿಸಿ ಫೋನ್ ಮಾಡಿದರು. ಉಳಿದದ್ದೆಲ್ಲ ಸರಿ, ಒಂದು ತಪ್ಪಿದೆ ಅಂದರು. "ಮನೆಯಲ್ಲಿ ನಾಯಿ ಇದೆ ಅಂತ ಬರೆದಿದ್ದಿ. ಇಷ್ಟೆಲ್ಲ ಆಗುವಾಗ ಅದು ಒಂದು ಸಲ ಆದರೂ ಬೊಗಳಬೇಡ್ವಾ?"

"ಮನೆಯವರಿಗೆ ನಾಯಿ ಬೊಗಳ್ತದಾ ಅತ್ತಿಗೆ?" ಅಂದೆ.

ಸ್ವಲ್ಪ ಹೊತ್ತು ಆ ಕಡೆಯಿಂದ ಮಾತಿಲ್ಲ. ಆಮೇಲೆ, ಇನ್ನು ಇಂಥದ್ದನ್ನು ರಾತ್ರಿ ಹೇಳಬೇಡ ಅಂತ ಬೈದು ಫೋನ್ ಇಟ್ಟರು.