ಜನರಲ್ ಒಬ್ಬರ ಸೇವಾ ಪರಿಚಯ ಬರೆಯುವುದು ಹೇಗೆ

ಸನ್ಮಾನ ಪತ್ರಕ್ಕೋ, ಶಾಲೆಯ ಸ್ಮರಣ ಸಂಚಿಕೆಗೋ ಸೇನಾಧಿಕಾರಿಯೊಬ್ಬರ ಪರಿಚಯ ಬರೆಯಲು ಕೂತವರು ಸಾಮಾನ್ಯವಾಗಿ ಪದಕಗಳಿಂದ ಶುರು ಮಾಡುತ್ತಾರೆ. ಸೇನೆಯವರು ಅದನ್ನು ಓದುವಾಗ ಹುಡುಕುವುದೇ ಬೇರೆ: ಯಾವ ರ್‍ಯಾಂಕಿನಲ್ಲಿ, ಎಲ್ಲಿ, ಯಾವ ಪಡೆಯನ್ನು ಮುನ್ನಡೆಸಿದರು? ಈ ಎಳೆ ಗಟ್ಟಿಯಾಗಿದ್ದರೆ ಮಿಕ್ಕದ್ದನ್ನು ಅದರ ಸುತ್ತ ಹೆಣೆಯಬಹುದು.

ಬರೆಯುವ ಮುಂಚೆ ಒಂದು ಹಾಳೆಯಲ್ಲಿ ನಾಲ್ಕು ಕಲಂ ಎಳೆಯಿರಿ: ಇಸವಿ, ರ್‍ಯಾಂಕ್, ಹುದ್ದೆ, ಸ್ಥಳ. ಮೊದಲ ಸಾಲು ಕಮಿಷನ್ (ಅಧಿಕಾರಿಯಾಗಿ ನೇಮಕ) ಸಿಕ್ಕ ದಿನಾಂಕ, ತರಬೇತಿ ಪಡೆದ ಅಕಾಡೆಮಿ ಮತ್ತು ಸೇರಿದ ಬೆಟಾಲಿಯನ್. ಎನ್‌ಡಿಎ (ರಾಷ್ಟ್ರೀಯ ರಕ್ಷಣಾ ಅಕಾಡೆಮಿ) ಸೇರಿದ ವರ್ಷವನ್ನೇ ಸೇನೆ ಸೇರಿದ ವರ್ಷವೆಂದು ಬರೆದುಬಿಡುವುದು ತೀರಾ ಸಾಮಾನ್ಯ ತಪ್ಪು. ಖಡಕ್‌ವಾಸ್ಲಾದ ಎನ್‌ಡಿಎಯಲ್ಲಿ 3 ವರ್ಷ, ಡೆಹ್ರಾಡೂನಿನ ಸೇನಾ ಅಕಾಡೆಮಿಯಲ್ಲಿ 1 ವರ್ಷ ಕಳೆದ ಮೇಲೆಯೇ ಕಮಿಷನ್. ಜ್ಯೇಷ್ಠತೆ ಲೆಕ್ಕಕ್ಕೆ ಬರುವುದು ಆ ದಿನದಿಂದ.

ಇನ್ನು ಕಮಾಂಡ್. ಕಾಲಾಳು ಪಡೆಯಲ್ಲಿ ಮೇಜರ್ ಒಬ್ಬರು ಕಂಪನಿಯನ್ನು ನಡೆಸುತ್ತಾರೆ, ಸುಮಾರು 120 ಜನ. ಬೆಟಾಲಿಯನ್ನಿನಲ್ಲಿ ಸುಮಾರು 800 ಜನ, ಅದಕ್ಕೆ ಕರ್ನಲ್. ಮೂರು ಬೆಟಾಲಿಯನ್ ಸೇರಿದ ಬ್ರಿಗೇಡಿಗೆ ಬ್ರಿಗೇಡಿಯರ್, ಡಿವಿಷನ್ನಿಗೆ ಮೇಜರ್ ಜನರಲ್, ಕೋರ್‌ಗೆ ಲೆಫ್ಟಿನೆಂಟ್ ಜನರಲ್. ಹಳೆಯ ತಲೆಮಾರಿನವರ ಬಗ್ಗೆ ಬರೆಯುವಾಗ ಒಂದು ಎಚ್ಚರ ಬೇಕು: 1980ರ ದಶಕದಲ್ಲಿ ಈ ಹುದ್ದೆಯನ್ನು ಮೇಲ್ದರ್ಜೆಗೆ ಏರಿಸುವವರೆಗೆ ಬೆಟಾಲಿಯನ್ ನಡೆಸುತ್ತಿದ್ದವರು ಲೆಫ್ಟಿನೆಂಟ್ ಕರ್ನಲ್. ಅದನ್ನು ತಪ್ಪೆಂದುಕೊಂಡು ತಿದ್ದಲು ಹೋಗಬೇಡಿ.

ಬಡ್ತಿಯ ಇಸವಿಗಳನ್ನೂ ಹೀಗೇ ತಾಳೆ ನೋಡಬಹುದು. ಈಗಿನ ನಿಯಮದಲ್ಲಿ ಕ್ಯಾಪ್ಟನ್ ಆಗಲು 2 ವರ್ಷ, ಮೇಜರ್ ಆಗಲು 6, ಲೆಫ್ಟಿನೆಂಟ್ ಕರ್ನಲ್ ಆಗಲು 13. ಅಲ್ಲಿಯವರೆಗೆ ಕಾಲಾವಧಿಯ ಬಡ್ತಿ, ಅಂದರೆ ಸೇವೆಯ ವರ್ಷ ತುಂಬಿದಾಗ ಸಿಗುವಂಥದ್ದು. ಕರ್ನಲ್‌ನಿಂದ ಮೇಲಕ್ಕೆ ಆಯ್ಕೆ ಮಂಡಳಿ ಕೂರುತ್ತದೆ: ಕರ್ನಲ್‌ಗೆ 3ನೇ ಮಂಡಳಿ, ಬ್ರಿಗೇಡಿಯರ್‌ಗೆ 2ನೇದು, ಮೇಜರ್ ಜನರಲ್‌ಗೆ 1ನೇದು, ಲೆಫ್ಟಿನೆಂಟ್ ಜನರಲ್‌ಗೆ ವಿಶೇಷ ಮಂಡಳಿ. ಮೇಲಧಿಕಾರಿಗಳು ಬರೆಯುವ ವರ್ಷವರ್ಷದ ಗೋಪ್ಯ ವರದಿಯೇ ಇಲ್ಲಿ ಮುಖ್ಯ ಆಧಾರ. ಎರಡನೇ ಮಹಾಯುದ್ಧದ ಕಾಲದವರದ್ದು ಬೇರೆ ಲೆಕ್ಕ. ಆಗ ತಾತ್ಕಾಲಿಕ ರ್‍ಯಾಂಕ್‌ಗಳು ಬೇಗ ಸಿಗುತ್ತಿದ್ದವು, ಯುದ್ಧ ಮುಗಿದ ಮೇಲೆ ಕೆಳಗಿಳಿದದ್ದೂ ಉಂಟು.

ರ್‍ಯಾಂಕ್ ಬೇರೆ, ಹುದ್ದೆ ಬೇರೆ. ಕನ್ನಡ ಪತ್ರಿಕೆಗಳು ಎಡವುವುದು ಇಲ್ಲೇ. ಅಡ್ಜುಟಂಟ್ ಜನರಲ್, ಕ್ವಾರ್ಟರ್ ಮಾಸ್ಟರ್ ಜನರಲ್, ಡೈರೆಕ್ಟರ್ ಜನರಲ್ ಇವೆಲ್ಲ ಹುದ್ದೆಗಳು, 'ಜನರಲ್' ಎಂಬ ಬಾಲ ನೋಡಿ ಮೋಸ ಹೋಗಬಾರದು. ಉಧಂಪುರದಲ್ಲಿ ಉತ್ತರ ಕಮಾಂಡ್ ನೋಡಿಕೊಳ್ಳುವ ಆರ್ಮಿ ಕಮಾಂಡರ್ ಕೂಡ ಲೆಫ್ಟಿನೆಂಟ್ ಜನರಲ್ಲೇ, ಸೇನಾ ಮುಖ್ಯಸ್ಥರಲ್ಲ. 'ಕರ್ನಲ್ ಆಫ್ ದಿ ರೆಜಿಮೆಂಟ್' ಎಂಬ ಸಾಲು ಕಂಡರೆ ಹಿಂಬಡ್ತಿ ಎಂದುಕೊಳ್ಳಬೇಡಿ. ಅದು ರೆಜಿಮೆಂಟಿನ ಹಿರಿಯರಿಗೆ ಇರುವ ಹುದ್ದೆಯ ಜೊತೆಗೇ ಸಿಗುವ ಗೌರವ. ಇನ್ನೊಂದು: ಕಾರ್ಯಪ್ಪನವರು 1949ರ ಜನವರಿ 15ರಂದು ವಹಿಸಿಕೊಂಡದ್ದು ಕಮಾಂಡರ್-ಇನ್-ಚೀಫ್ ಹುದ್ದೆ. ಸೇನಾ ಮುಖ್ಯಸ್ಥ ಎಂಬ ಹೆಸರು ಬಂದದ್ದು 1955ರಲ್ಲಿ.

ರ್‍ಯಾಂಕ್ ಬಗ್ಗೆ ಅನುಮಾನವಿದ್ದರೆ ಫೋಟೋದಲ್ಲಿ ಭುಜ ನೋಡಿ. ಅಶೋಕ ಲಾಂಛನ ಮತ್ತು ಮೂರು ನಕ್ಷತ್ರವಿದ್ದರೆ ಬ್ರಿಗೇಡಿಯರ್. ಅಡ್ಡಡ್ಡ ಇಟ್ಟ ಕತ್ತಿ-ದಂಡದ ಜೊತೆ ಒಂದು ನಕ್ಷತ್ರವಿದ್ದರೆ ಮೇಜರ್ ಜನರಲ್, ನಕ್ಷತ್ರದ ಬದಲು ಲಾಂಛನವಿದ್ದರೆ ಲೆಫ್ಟಿನೆಂಟ್ ಜನರಲ್, ಎರಡೂ ಇದ್ದರೆ ಜನರಲ್. ಬಡ್ತಿಯ ಅಧಿಕೃತ ದಾಖಲೆ ಬೇಕೆಂದರೆ ಭಾರತದ ರಾಜಪತ್ರದ ಭಾಗ 1, ವಿಭಾಗ 4 ತೆರೆಯಿರಿ. ರಕ್ಷಣಾ ಸಚಿವಾಲಯದ ನೇಮಕ, ಬಡ್ತಿಗಳು ಅಲ್ಲಿ ಅಚ್ಚಾಗುತ್ತವೆ.

ಪದಕಗಳ ವಿಷಯದಲ್ಲಿ ಶೌರ್ಯ ಮತ್ತು ಸೇವೆ ಬೆರಕೆಯಾಗಬಾರದು. ಪರಮ ವಿಶಿಷ್ಟ ಸೇವಾ ಪದಕ, ಅತಿ ವಿಶಿಷ್ಟ ಸೇವಾ ಪದಕಗಳು ಸೇವೆಗೆ ಕೊಡುವಂಥವು. 'ರಣರಂಗದ ಸಾಹಸಕ್ಕಾಗಿ ಪರಮ ವಿಶಿಷ್ಟ' ಎಂದು ಬರೆದರೆ ಸನ್ಮಾನ ಪಡೆಯುವವರಿಗೇ ಮುಜುಗರ. ಸೇನಾ ಪದಕ ಎರಡಕ್ಕೂ ಸಿಗುತ್ತದೆ, ಆದ್ದರಿಂದ ಯಾವುದಕ್ಕೆಂದು ಕೇಳಿಯೇ ಬರೆಯಿರಿ. ಹೆಸರಿನ ನಂತರ ಹಾಕುವ ಕ್ರಮವೂ ನಿಗದಿಯಾಗಿದೆ: ಪರಮ ವಿಶಿಷ್ಟ ಸೇವಾ ಪದಕವು ಮಹಾವೀರ ಚಕ್ರಕ್ಕಿಂತ ಮೊದಲು, ಅತಿ ವಿಶಿಷ್ಟವು ವೀರ ಚಕ್ರಕ್ಕಿಂತ ಮೊದಲು ಬರುತ್ತದೆ.

ನಿವೃತ್ತಿಯ ವಯಸ್ಸು ಬ್ರಿಗೇಡಿಯರ್‌ಗೆ 56, ಮೇಜರ್ ಜನರಲ್‌ಗೆ 58, ಲೆಫ್ಟಿನೆಂಟ್ ಜನರಲ್‌ಗೆ 60. ಸೇನಾ ಮುಖ್ಯಸ್ಥರಿಗೆ 62 ತುಂಬುವುದು ಅಥವಾ 3 ವರ್ಷದ ಅವಧಿ ಮುಗಿಯುವುದು, ಯಾವುದು ಮೊದಲೋ ಅದು. ಹುಟ್ಟಿದ ತಿಂಗಳ ಕೊನೆಯ ದಿನ ನಿವೃತ್ತಿ, ತಿಂಗಳ 1ನೇ ತಾರೀಖು ಹುಟ್ಟಿದವರಿಗೆ ಮಾತ್ರ ಹಿಂದಿನ ತಿಂಗಳ ಕೊನೆಯ ದಿನ. ಜನ್ಮದಿನಾಂಕವನ್ನು ಬಾಯಿಮಾತಿನಲ್ಲಿ ಬರೆದುಕೊಳ್ಳಬೇಡಿ. ಸೇನಾ ಮುಖ್ಯಸ್ಥರಾಗಿದ್ದ ಜನರಲ್ ವಿ.ಕೆ. ಸಿಂಗ್ ಅವರ ದಾಖಲೆಗಳಲ್ಲಿ ಒಂದೆಡೆ 1950, ಇನ್ನೊಂದೆಡೆ 1951 ಇದ್ದದ್ದು 2012ರಲ್ಲಿ ಸುಪ್ರೀಂ ಕೋರ್ಟಿನವರೆಗೆ ಹೋಯಿತು.

ಮಾದರಿಗೆ ಮಡಿಕೇರಿಯ ಕೊಡಂದೇರ ಸುಬ್ಬಯ್ಯ ತಿಮ್ಮಯ್ಯನವರ ಹಾಳೆ ತುಂಬಿ ನೋಡಿ. 1926ರಲ್ಲಿ ಕಮಿಷನ್, ಮುಂದೆ 4/19 ಹೈದರಾಬಾದ್. ಅಂದರೆ 19ನೇ ಹೈದರಾಬಾದ್ ರೆಜಿಮೆಂಟಿನ 4ನೇ ಬೆಟಾಲಿಯನ್. ಆ ರೆಜಿಮೆಂಟಿನ ಈಗಿನ ಹೆಸರು ಕುಮಾವ್. ಹೈದರಾಬಾದಿನಲ್ಲಿದ್ದರು ಎಂದು ಬರೆದರೆ ಕೆಟ್ಟಿತು. ಬರ್ಮಾ ಯುದ್ಧದಲ್ಲಿ 8/19 ಬೆಟಾಲಿಯನ್, ಆಮೇಲೆ ಬ್ರಿಗೇಡ್. 1948ರಲ್ಲಿ ಮೇಜರ್ ಜನರಲ್ ಆಗಿ ಕಾಶ್ಮೀರದಲ್ಲಿ 19ನೇ ಡಿವಿಷನ್. ಕಮಾಂಡಿನ ಏಣಿ ಎಷ್ಟು ಸ್ಪಷ್ಟವಾಗಿದೆ ನೋಡಿ! 1953ರಲ್ಲಿ ಕೊರಿಯಾದ ಯುದ್ಧ ಕೈದಿಗಳ ಆಯೋಗದ ಅಧ್ಯಕ್ಷತೆ, 1957ರಿಂದ 1961ರವರೆಗೆ ಸೇನಾ ಮುಖ್ಯಸ್ಥ. 1959ರ ರಾಜೀನಾಮೆ ಹಿಂದೆಗೆದುಕೊಂಡದ್ದು, ಅದನ್ನು ನಿವೃತ್ತಿಯ ಇಸವಿಯಾಗಿ ಬರೆಯುವಂತಿಲ್ಲ. 1964ರಲ್ಲಿ ಸೈಪ್ರಸ್ಸಿನ ವಿಶ್ವಸಂಸ್ಥೆ ಪಡೆಯ ಕಮಾಂಡರ್, 1965ರ ಡಿಸೆಂಬರ್ 18ರಂದು ಅಲ್ಲೇ ನಿಧನ.

ಇಷ್ಟಾದ ಮೇಲೆ ಒಂದೇ ಒಂದು ಘಟನೆಯನ್ನು ಆರಿಸಿ ವಿವರವಾಗಿ ಬರೆಯಿರಿ. ತಿಮ್ಮಯ್ಯನವರದ್ದಾದರೆ ಜೋಜಿಲಾ: ಸ್ಟುವರ್ಟ್ ಟ್ಯಾಂಕುಗಳ ಗೋಪುರ ಕಳಚಿ, ಟಾರ್ಪಾಲಿನ್ ಹೊದಿಸಿ, ಶತ್ರುವಿಗೆ ಸುಳಿವು ಸಿಗದಂತೆ ಸಾಗಿಸಿ, 1948ರ ನವೆಂಬರ್ 1ರಂದು ಆ ಎತ್ತರದ ಕಣಿವೆ ದಾರಿಯ ಮೇಲೆ ಏರಿಸಿದ್ದು. 'ಅಪ್ರತಿಮ ವೀರ', 'ಧೀಮಂತ ನಾಯಕ' ಮುಂತಾದ ವಿಶೇಷಣಗಳ ಸಾಲಿಗಿಂತ ಇದರ ತೂಕ ಹೆಚ್ಚು.

ಕೊನೆಗೆ ಹೆಸರು ಹಾಕುವ ರೀತಿ. 'ನಿವೃತ್ತ' ಎಂಬುದು ಹೆಸರಿನ ನಂತರ ಆವರಣದಲ್ಲಿ ಬರಬೇಕು, ರ್‍ಯಾಂಕಿಗೆ ಅಂಟಿಕೊಂಡಲ್ಲ, ಏಕೆಂದರೆ ನಿವೃತ್ತರಾಗುವುದು ಅಧಿಕಾರಿಯೇ ಹೊರತು ರ್‍ಯಾಂಕ್ ಅಲ್ಲ. ಫೀಲ್ಡ್ ಮಾರ್ಷಲ್‌ಗಳಾದ ಕಾರ್ಯಪ್ಪ, ಮಾಣಿಕ್‌ಷಾ ಇಬ್ಬರಿಗೂ ಆ ಪದವೇ ಬೇಡ. ಆ ರ್‍ಯಾಂಕಿನವರಿಗೆ ನಿವೃತ್ತಿಯಿಲ್ಲ.