ವೇವ್ ಅಳಿಸಿ ಫ್ಲ್ಯಾಕ್ ಇಟ್ಟುಕೊಂಡೆ: ನನ್ನ ಅನುಭವ

ಒಂದು ಟಿಬಿ ಹಾರ್ಡ್‌ಡಿಸ್ಕ್ ತುಂಬಿಹೋಗಿತ್ತು. ಅರಕಲಗೂಡು, ರುದ್ರಪಟ್ಟಣ ಕಡೆಯ ನೆಂಟರ ಮನೆಗಳಿಂದ ತಂದ ನಾನೂರರ ಆಸುಪಾಸಿನ ಕ್ಯಾಸೆಟ್‌ಗಳು ಅದರಲ್ಲಿದ್ದವು: ಕಛೇರಿ, ಹರಿಕಥೆ, ಹಸೆ ಹಾಡು. ರುದ್ರಪಟ್ಟಣ ಅಂದಮೇಲೆ ಕೇಳಬೇಕೆ, ಗಾಯಕ ಆರ್.ಕೆ. ಶ್ರೀಕಂಠನ್ ಹುಟ್ಟಿದ ಊರು, ಮನೆಮನೆಯಲ್ಲೂ ಸಂಗೀತದ ಕ್ಯಾಸೆಟ್. ಎಲ್ಲವನ್ನೂ 24 ಬಿಟ್, 96 ಕಿಲೋಹರ್ಟ್ಸ್ ವೇವ್‌ಗೆ, ಅಂದರೆ ಧ್ವನಿಯನ್ನು ಕುಗ್ಗಿಸದೆ ಇಡುವ ಫೈಲಿಗೆ, ಇಳಿಸಿದ್ದೆ. ನಿಮಿಷಕ್ಕೆ ಸುಮಾರು 34 ಎಂಬಿ, ಅರವತ್ತು ನಿಮಿಷದ ಕ್ಯಾಸೆಟ್ಟಿಗೆ ಎರಡು ಜಿಬಿ. ಹಾಸನದ ಅಂಗಡಿಯಲ್ಲಿ ಎರಡು ಟಿಬಿ ಡಿಸ್ಕಿಗೆ ಆರು ಸಾವಿರದ ಹತ್ತಿರ ಹೇಳಿದರು. ಬ್ಯಾಕಪ್‌ಗೂ ಒಂದು ಬೇಕು, ಅಲ್ಲಿಗೆ ಹನ್ನೆರಡು.

ಫ್ಲ್ಯಾಕ್ ಅಂದರೆ ಧ್ವನಿ ಒಂಚೂರೂ ಕಳೆಯದೆ ಫೈಲನ್ನು ಕುಗ್ಗಿಸುವ ಫಾರ್ಮ್ಯಾಟ್. ಫ್ಲ್ಯಾಕ್ ಮಾಡಿ ವೇವ್ ಅಳಿಸ್ತೀನಿ ಅಂದಾಗ ನಮ್ಮ ಭಾವ ಒಪ್ಪಲಿಲ್ಲ. "ರಸ ಹಿಂಡದೆ ಕಬ್ಬು ಹಗುರ ಆಗತ್ತೇನಯ್ಯಾ?" ಅಂದರು. ನಮ್ಮ ಗುಂಪಿನ ಉಳಿದವರೂ ಅವರ ಕಡೆಗೇ.

ಮೊದಲು ಹಿಡಿದದ್ದು ಬಟನ್ ಒತ್ತಿದರೆ ಸಾಕು ಎನ್ನುವಂಥ ಒಂದು ಬಿಟ್ಟಿ ಕನ್ವರ್ಟರ್. ಎರಡು ಜಿಬಿ ಫೈಲು 600 ಚಿಲ್ಲರೆ ಎಂಬಿಗೆ ಬಂತು. ಭಾವ ಬೆರಗಾದರು, ನನಗೆ ಅನುಮಾನ ಬಂತು. ಕ್ಯಾಸೆಟ್ಟಿನ ಹಿಸ್ (ಟೇಪಿನ ಸುಯ್ ಸದ್ದು) ತುಂಬಿದ 24 ಬಿಟ್ ಫೈಲು ಅಷ್ಟು ಕುಗ್ಗೋದಿಲ್ಲ. ಗೊಜಗೊಜ ಸದ್ದನ್ನು ಯಾವ ಕಂಪ್ರೆಷನ್ನೂ ಹಿಡಿಯಲಾರದು. ತೆಗೆದು ನೋಡಿದರೆ ಸದ್ದಿಲ್ಲದೆ 16 ಬಿಟ್ ಮಾಡಿಟ್ಟಿದೆ, ಅಂದರೆ ಧ್ವನಿಯ ಸೂಕ್ಷ್ಮ ವಿವರವನ್ನೇ ಕತ್ತರಿಸಿದೆ! ಎಫ್‌ಎಫ್‌ಎಂಪೆಗ್ ಎಂಬ ಕನ್ವರ್ಟರ್ ಬಳಸುವವರೂ ಗಮನಿಸಿ: ಫ್ಲ್ಯಾಕ್‌ನಿಂದ ವೇವ್‌ಗೆ ವಾಪಸ್ ತರುವಾಗ 24 ಅಂತ ಹೇಳದಿದ್ದರೆ 16ಕ್ಕೇ ಇಳಿಸುತ್ತದೆ.

ಆಮೇಲೆ ಫ್ಲ್ಯಾಕ್‌ನದೇ ಕಮಾಂಡ್ ಹಿಡಿದೆ. ಅತಿ ಹೆಚ್ಚು ಕುಗ್ಗಿಸುವ ಎಂಟನೇ ಲೆವೆಲ್, ಜೊತೆಗೆ ಕುಗ್ಗಿಸಿದ್ದು ಸರಿಯೇ ಎಂದು ನೋಡುವ ವೆರಿಫೈ. ಎರಡು ಜಿಬಿ ಈಗ 1.3ರ ಹತ್ತಿರ ನಿಂತಿತು, ಇದು ನಂಬುವಂಥ ಅಂಕಿ. ಐದನೇ ಲೆವೆಲ್ಲಿಗೂ ಎಂಟಕ್ಕೂ ಶೇಕಡ ಒಂದರಷ್ಟು ವ್ಯತ್ಯಾಸವೂ ಬರಲಿಲ್ಲ, ಆದರೂ ರಾತ್ರಿ ಓಡಿಸಿ ಮಲಗುವವನಿಗೆ ಎಂಟೇ ಇರಲಿ. ಕರೆಂಟ್ ಕೈಕೊಟ್ಟು ಒಂದಿಷ್ಟು ಫೈಲು ಅರ್ಧಕ್ಕೇ ನಿಂತವು. ಮಳೆಗಾಲದ ಹಾಸನ, ಹೇಳಬೇಕಾದ್ದಿಲ್ಲ. ಮೂರು ಸಾವಿರ ಚಿಲ್ಲರೆ ಕೊಟ್ಟು ಯುಪಿಎಸ್ ತಂದೆ. ಡಿಸ್ಕ್ ಉಳಿಸಹೋಗಿ ಯುಪಿಎಸ್ ಕೊಂಡೆ ಅಂತ ಮನೆಯಲ್ಲಿ ಇವತ್ತಿಗೂ ಆಡಿಕೊಳ್ಳುತ್ತಾರೆ.

ಭಾವ ಬಿಡಲಿಲ್ಲ. ಒಂದು ಫ್ಲ್ಯಾಕನ್ನು ಮತ್ತೆ ವೇವ್ ಮಾಡಿ, ಮೂಲದ ಜೊತೆ ಎಂಡಿ5 (ಫೈಲಿನ ಬೆರಳಚ್ಚಿನಂಥ ಅಂಕಿ) ಹೋಲಿಸಿದರು. ಬೇರೆ ಬಂತು. "ನೋಡಿದ್ಯಾ!" ಅಂದರು. ನೋಡಿದೆ. ಬೇರೆಯಾದದ್ದು ಸಂಗೀತ ಅಲ್ಲ. ರೆಕಾರ್ಡರ್ ವೇವ್‌ನಲ್ಲಿ ಸೇರಿಸಿದ್ದ ಹೆಸರು, ತಾರೀಖಿನ ತುಣುಕು. ಫ್ಲ್ಯಾಕ್ ಅದನ್ನು ತಾನಾಗಿ ಉಳಿಸಿಕೊಳ್ಳುವುದಿಲ್ಲ. 'ಕೀಪ್ ಫಾರಿನ್ ಮೆಟಾಡೇಟಾ' ಅಂತ ಒಂದು ಆಯ್ಕೆ ಇದೆ. ಹೋಗುವಾಗಲೂ ಬರುವಾಗಲೂ ಅದನ್ನು ಹಾಕಿದೆ, ಫೈಲಿಗೆ ಫೈಲೇ ಸರಿಹೊಂದಿತು. ಅಷ್ಟು ಬೇಡವಾದರೆ, ಬರೀ ಧ್ವನಿಯ ಎಂಡಿ5 ಪ್ರತಿ ಫ್ಲ್ಯಾಕ್ ಒಳಗೇ ಕೂತಿರುತ್ತದೆ, ಟೆಸ್ಟ್ ಆಯ್ಕೆ ಕೊಟ್ಟರೆ ತಾನೇ ಹೋಲಿಸಿಕೊಳ್ಳುತ್ತದೆ. ಕೊನೆಗೆ ಎರಡೂ ಫೈಲನ್ನು ಎಡಿಟರ್‌ನಲ್ಲಿ ಒಂದರ ಕೆಳಗೊಂದು ಇಟ್ಟು, ಒಂದರ ಅಲೆಯನ್ನು ತಲೆಕೆಳಗು ಮಾಡಿ ಕೂಡಿಸಿ ತೋರಿಸಿದೆ; ಎರಡೂ ಒಂದೇ ಆಗಿದ್ದರೆ ಒಂದನ್ನೊಂದು ಅಳಿಸಿಹಾಕುತ್ತವೆ. ಗೆರೆ ನೆಟ್ಟಗೆ, ಸದ್ದೇ ಇಲ್ಲ. ಭಾವ ಹೆಡ್‌ಫೋನ್ ಕಳಚಿಟ್ಟು ಕಾಫಿ ಕೇಳಿದರು.

ನಡುವೆ ಫ್ಲ್ಯಾಕ್‌ನಂಥದೇ ಇನ್ನೊಂದು ಫಾರ್ಮ್ಯಾಟ್, ಮಂಕೀಸ್ ಆಡಿಯೊ ಕೂಡ ನೋಡಿದೆ. ಇನ್ನೊಂಚೂರು ಚಿಕ್ಕದಾಗುತ್ತದೆ, ಆದರೆ ಬಿಚ್ಚುವಾಗ ನನ್ನ ಹಳೇ ಲ್ಯಾಪ್‌ಟಾಪ್ ಫ್ಯಾನ್ ಬೊಬ್ಬೆ ಹಾಕಿತು. ಬಿಟ್ಟೆ. ಅಣ್ಣನ ಮಗನ ಐಫೋನಿಗೆ ಒಂದಿಷ್ಟು ಅಲ್ಯಾಕ್ (ಆಪಲ್‌ನ ಇಂಥದೇ ಫಾರ್ಮ್ಯಾಟ್) ಮಾಡಿಕೊಟ್ಟೆ. 2011ರಲ್ಲೇ ಆಪಲ್ ಅದರ ಕೋಡನ್ನು ಎಲ್ಲರಿಗೂ ಮುಕ್ತ ಮಾಡಿರುವುದರಿಂದ ಅತ್ತಿಂದಿತ್ತ ಮಾಡೋದು ನೀರು ಕುಡಿದಷ್ಟು ಸಲೀಸು.

ಹರಿಕಥೆಯ ಕ್ಯಾಸೆಟ್‌ಗಳನ್ನು ಒಂದೇ ವೇವ್‌ಗೆ ಜೋಡಿಸಹೋದರೆ ಎರಡು ಗಂಟೆ ದಾಟಿದ ಕೂಡಲೇ ಕೆಡುತ್ತಿತ್ತು. ವೇವ್‌ಗೆ ನಾಲ್ಕು ಜಿಬಿ ಗಡಿ ಇದೆಯಲ್ಲ. ಫ್ಲ್ಯಾಕ್‌ನಲ್ಲಿ ಆ ರಗಳೆಯೂ ತೀರಿತು. ರಾಗ, ತಾಳದ ಹೆಸರೆಲ್ಲ ಯೂನಿಕೋಡ್ ಕನ್ನಡದಲ್ಲೇ ಟ್ಯಾಗ್ ಹಾಕಿದ್ದೇನೆ. ಹಿಂದೆ ಯೂನಿಕೋಡ್ ಅಲ್ಲದ ಹಳೇ ನುಡಿ ಫಾಂಟ್‌ನಲ್ಲಿ ಟೈಪಿಸಿದ್ದ ಪಟ್ಟಿಯನ್ನು ಪರಿವರ್ತಕಕ್ಕೆ ಹಾಕಿ ತೆಗೆದೆ, ಅರ್ಕಾವೊತ್ತು ಬಂದಲ್ಲೆಲ್ಲ ಕೈಯಲ್ಲೇ ತಿದ್ದಬೇಕಾಯಿತು.

ಅದೇ ಡಿಸ್ಕಿನಲ್ಲಿ ಈಗ ಮುನ್ನೂರು ಜಿಬಿಯಷ್ಟು ಜಾಗ ಖಾಲಿ. ಟೆಸ್ಟ್ ಪಾಸಾದ ವೇವ್‌ಗಳನ್ನಷ್ಟೇ ಹುಡುಕಿ ಅಳಿಸುವ ನನ್ನ ಬ್ಯಾಚ್ ಫೈಲನ್ನು (ತಾನಾಗಿ ಓಡುವ ಕಮಾಂಡ್‌ಗಳ ಪಟ್ಟಿ) ಮಾತ್ರ ಇಲ್ಲಿ ಹಾಕುವುದಿಲ್ಲ, ಭಾವನಿಗೂ ಕೊಟ್ಟಿಲ್ಲ. ಸಕಲೇಶಪುರದಿಂದ ಬೂಷ್ಟು ಹಿಡಿದ ಕ್ಯಾಸೆಟ್ ಇನ್ನೊಂದು ಪೆಟ್ಟಿಗೆ ಬಂದಿದೆ, ಅವನ್ನು ನೇರ ಫ್ಲ್ಯಾಕ್‌ಗೇ ರೆಕಾರ್ಡ್ ಮಾಡುತ್ತಿದ್ದೇನೆ.